ಸಂತಪುರದ ಡ್ರಾಮಾ ರಿಕವರಿ

ಚಿದ್ರಿಯ ಕೈಲಾಶ ಡಾಕ್ಯುಮೆಂಟರಿ ಡೈರೆಕ್ಟರನಾದದ್ದು ಭಾಲ್ಕಿಯಲ್ಲಿ, ಒಂದು ಮದುವೆಯ ಊಟದ ಪಂಕ್ತಿಯಲ್ಲಿ, ಎರಡನೆಯ ಸಲ ಪೂರಿ ಬಂದುದಕ್ಕೂ ಮೂರನೆಯ ಸಲ ಬಂದುದಕ್ಕೂ ನಡುವೆ.

ಅದಕ್ಕೆ ಮೊದಲು ಇಪ್ಪತ್ತೆರಡು ವರ್ಷ ಅವನು ಮದುವೆಯ ವಿಡಿಯೋ ತೆಗೆದಿದ್ದ. ಅವನ ಕ್ಯಾಮೆರಾದ ಮುಂದೆ ಅಳದೆ ಗಂಡನ ಮನೆಗೆ ಹೋದ ಮದುಮಗಳು ಬೀದರ ಜಿಲ್ಲೆಯಲ್ಲಿ ಇರಲಿಲ್ಲ. ಅಳು ಬಾರದವರಿಗೆ "ಅವ್ವನ ಕಡಿ ನೋಡ್ರಿ, ಇನ್ನ ಜರಾ ನೋಡ್ರಿ" ಎನ್ನುತ್ತ, ಕೊನೆಗೆ ಮದುಮಗಳು, ಅವ್ವ, ಬ್ಯಾಂಡಿನವರು ಎಲ್ಲರೂ ಸೇರಿ ಅಳುವಂತೆ ಮಾಡುವ ವಿದ್ಯೆ ಅವನಿಗೆ ಸಿದ್ಧಿಸಿತ್ತು.

ಆ ದಿನ ಮಾತ್ರ ಅವನು ಕ್ಯಾಮೆರಾ ಇಲ್ಲದೆ ನೆಂಟನಾಗಿ ಹೋಗಿದ್ದ. ಪಕ್ಕದ ಎಲೆಗೆ ಹೆಂಡತಿ ಸುಮನಳ ಅಣ್ಣ ಸುಶೀಲಕುಮಾರ ಕೂತಿದ್ದರು. ಅವರು ಭಾಲ್ಕಿಯಲ್ಲಿ ಹೆಡ್‌ಮಾಸ್ತರು. ಪ್ರಶ್ನೆ ಕೇಳದವರಿಗೂ ಉತ್ತರ ಹೇಳುವ ಸ್ವಭಾವ.

"ಏನ್ರೀ ಕೈಲಾಶ, ಇನ್ನಾ ಅದೇ ಲಗ್ನದ ಶೂಟಿಂಗೇನು? ಈಗ ಎಲ್ಲಾರ ಕೈಯಾಗ ಮೊಬೈಲ್ ಅದಾವ. ನಿಮ್ಮ ಧಂದಾ ಇನ್ನ ಎರಡು ವರ್ಷ. ಬರದು ಇಟ್ಕೋರಿ."

ಸುತ್ತ ಎಂಟು ಮಂದಿ ನೆಂಟರು ಊಟ ನಿಲ್ಲಿಸಿ ಕೈಲಾಶನ ಮುಖ ನೋಡಿದರು. ಕೈಲಾಶ ಬಾಯಲ್ಲಿದ್ದ ಪೂರಿಯನ್ನು ನುಂಗಿ ಹೇಳಿದ: "ಲಗ್ನದ್ದು ಬಿಟ್ಟು ಭಾಳ ದಿನ ಆಯ್ತ್ರಿ. ನಾ ಈಗ ಡಾಕ್ಯುಮೆಂಟರಿ ಮಾಡ್ತೇನಿ."

"ಯಾವುದರ ಮ್ಯಾಲೆ?"

"ಸಮಾಜದ ಮ್ಯಾಲೆ."

ಸಮಾಜ ಬಹಳ ದೊಡ್ಡದು. ಎಂಥ ಸುಳ್ಳನ್ನು ಹೇರಿದರೂ ಹೊರುತ್ತದೆ. ಮೂರು ದಿನದ ಹಿಂದಷ್ಟೇ ಯಾರದೋ ಕುಬಸದ, ಅಂದರೆ ಸೀಮಂತದ, ವಿಡಿಯೋ ತೆಗೆದ ಈ ಮನುಷ್ಯನ ಮಾತು ಅಲ್ಲಿಗೇ ಜೀರ್ಣವಾಗಿಬಿಡುತ್ತಿತ್ತು. ಆದರೆ ಎದುರಿನ ಪಂಕ್ತಿಯಲ್ಲಿ ಒಬ್ಬ ಹೆಣ್ಣುಮಗಳು ತಲೆ ಎತ್ತಿದರು. ಮದುಮಗಳ ಗೆಳತಿ, ಡಾಕ್ಟರ್ ಫರ್ಹೀನ. ಬೀದರಿನ ನೌಬಾದದಲ್ಲಿ ಮನಸ್ಸಿಗೆ ಪೆಟ್ಟು ಬಿದ್ದವರಿಗಾಗಿ ಒಂದು ಚಿಕ್ಕ ಕೇಂದ್ರ ನಡೆಸುತ್ತಿದ್ದವರು. ಕೈ ತೊಳೆದವರೇ ನೇರ ಕೈಲಾಶನ ಬಳಿ ಬಂದು ಮಾತಾಡತೊಡಗಿದರು. ಅದೇ ಕ್ಷಣಕ್ಕೆ ಡಿಜೆಯವನು ತನ್ನ ಪೆಟ್ಟಿಗೆ ಶುರುಮಾಡಿದ.

ಡಾಕ್ಟರು ಹೇಳಿದ್ದು ಇಷ್ಟು: ಅಪಘಾತದಂಥ ಆಘಾತವಾದ ಮೇಲೆ ಮೈ ವಾಸಿಯಾದರೂ ಮನಸ್ಸಿನೊಳಗೆ ಹೆದರಿಕೆ ಉಳಿಯುತ್ತದೆ, ಅದಕ್ಕೆ ಟ್ರಾಮಾ ಎನ್ನುತ್ತಾರೆ, ಅದರಿಂದ ಚೇತರಿಸಿಕೊಳ್ಳುವುದು ಟ್ರಾಮಾ ರಿಕವರಿ. ಮಾಮೂಲು ಚಿಕಿತ್ಸೆಯ ಜೊತೆಗೆ ಉಸಿರಾಟ, ಡೋಲು, ಕಸೂತಿ ಇಂಥವನ್ನೂ ಮಾಡಿಸುತ್ತೇವೆ, ಅವಕ್ಕೆ ಕಾಂಪ್ಲಿಮೆಂಟರಿ ಥೆರಪಿ ಅನ್ನುತ್ತಾರೆ, ಅಂದರೆ ಪೂರಕ ಚಿಕಿತ್ಸೆ. ಇದರ ಮೇಲೆ ಹದಿನೈದು ನಿಮಿಷದ ಒಂದು ಚಿತ್ರ ಮಾಡಿಕೊಡುತ್ತೀರಾ?

ಡಿಜೆಯ ಗದ್ದಲದಲ್ಲಿ ಕೈಲಾಶನ ಕಿವಿಗೆ ಬಿದ್ದದ್ದು ಇಷ್ಟು: ಡ್ರಾಮಾ. ರಿಕವರಿ. ಕಾಂಪ್ಲಿಮೆಂಟರಿ. ನೀವು ಮಾಡಿಕೊಡ್ತೀರಾ?

ಸುಶೀಲಕುಮಾರ ಬಾಯಿ ತೆರೆದು ನೋಡುತ್ತಿದ್ದರು. ಕೈಲಾಶ ಗಂಭೀರವಾಗಿ ತಲೆಯಾಡಿಸಿದ.

ಮನೆಗೆ ಬಂದ ಮೇಲೆ ಸುಮನ ಕೇಳಿದಳು: "ಡ್ರಾಮಾ ರಿಕವರಿ ಅಂದ್ರ ಏನ್ರಿ?"

"ಊರೂರಾಗ ನಾಟಕ ಬಂದ್ ಆಗ್ಯಾವಲ್ಲ, ಅವನ್ನ ತಿರಗಿ ತರೋದು. ಮೊಬೈಲ್ದಾಗ ಡಿಲೀಟ್ ಆದ ಫೋಟೋ ರಿಕವರಿ ಮಾಡ್ತಾರ ನೋಡು, ಹಂಗ."

"ಮತ್ತ ಕಾಂಪ್ಲಿಮೆಂಟರಿ?"

"ಪುಕ್ಕಟೆ. ಹೈದರಾಬಾದದ ಲಾಡ್ಜಿನಾಗ ನಾಷ್ಟಾ ಕೊಟ್ಟಿದ್ರಲ್ಲ?"

ಸುಮನಳಿಗೆ ಕೂಡಲೇ ಅರ್ಥವಾಯಿತು. ಆ ನಾಷ್ಟಾದಲ್ಲಿ ಆರು ಕುದಿಸಿದ ತತ್ತಿಗಳನ್ನು ಅವಳು ಪರ್ಸಿನಲ್ಲಿಟ್ಟುಕೊಂಡು ಚಿದ್ರಿಯವರೆಗೆ ತಂದಿದ್ದಳು.

ಮರುದಿನ ಡಾಕ್ಟರು ಮೊಬೈಲಿಗೆ ಪತ್ರ ಕಳಿಸಿದರು. ಅದರಲ್ಲಿ ಡ್ರಾಮಾ ಎಂಬ ಇಂಗ್ಲಿಷ್ ಶಬ್ದವನ್ನು ಡಿ ಅಕ್ಷರದ ಬದಲು ಟಿ ಅಕ್ಷರದಿಂದ ಆರಂಭಿಸಿದ್ದು ಕೈಲಾಶನ ಕಣ್ಣಿಗೆ ಬಿತ್ತು. ಅವನು ಕ್ಷಮಿಸಿದ. ಡಾಕ್ಟರರ ಸ್ಪೆಲಿಂಗ್ ಹಿಡಿದು ಕೂತರೆ ಊರಿನಲ್ಲಿ ಒಂದು ಔಷಧಿ ಅಂಗಡಿಯೂ ನಡೆಯುವುದಿಲ್ಲ. ಬ್ಯಾನರ್ ಬರೆಸುವಾಗ ತಾನೇ ತಿದ್ದಿ, ಕನ್ನಡದಲ್ಲಿ ದೊಡ್ಡದಾಗಿ "ಡ್ರಾಮಾ ರಿಕವರಿ – ಕಾಂಪ್ಲಿಮೆಂಟರಿ" ಎಂದು ಬರೆಸಿದ. ಕಾಂಪ್ಲಿಮೆಂಟರಿ ತಿಳಿಯದ ಹಳ್ಳಿಯವರಿಗಾಗಿ ಕೆಳಗೆ "ಪುಕ್ಕಟೆ" ಎಂದೂ ಸೇರಿಸಿದ.

ಪತ್ರದಲ್ಲಿ ಇನ್ನೂ ಇತ್ತು. "ಔರಾದ ತಾಲೂಕಿನ ಸಂತಪುರದಲ್ಲಿ ಖಾಸಿಂ ಅಲಿ ಇದ್ದಾರೆ. ಬಸ್ ಅಪಘಾತದ ಕಥೆ ಅವರದು. ಅವರೇ ಹೇಳಿದಷ್ಟು ಕೇಳಿ, ಒತ್ತಾಯ ಬೇಡ. ಭಾನುವಾರ ಮಧ್ಯಾಹ್ನ ನಾನೂ ಬಂದು ಸೇರುತ್ತೇನೆ. ಡೋಲು ತರುತ್ತೇನೆ."

ಕೈಲಾಶ ಎಲ್ಲವನ್ನೂ ಅರ್ಥಮಾಡಿಕೊಂಡ. ಖಾಸಿಂ ಅಲಿ ಹಿರಿಯ ನಟ, ಆದ್ದರಿಂದ ಒತ್ತಾಯ ಬೇಡ. ನಾಟಕ ಸಾಮಾಜಿಕ, ಬಸ್ ಅಪಘಾತದ್ದು. ಹಿನ್ನೆಲೆ ಸಂಗೀತಕ್ಕೆ ಡೋಲು.

ಭಾನುವಾರ ಮುಂಜಾನೆ ಅವನು ಸಂತಪುರಕ್ಕೆ ಬಂದಿಳಿದಾಗ ಖಾಸಿಂ ಅಲಿ ಹೆಂಡತಿ ವಹೀದಾಳ ಬಳೆ ಅಂಗಡಿಯಲ್ಲಿ ಒಂದು ಮೂಲೆಗೆ ಕೂತಿದ್ದ. ಐವತ್ತರ ವಯಸ್ಸು, ಎತ್ತರದ ಆಳು. ಆದರೆ ಅಂಗಡಿಯ ಬಳೆಗಳಿಗೆ ತನ್ನಿಂದ ತೊಂದರೆಯಾದೀತೆಂದು ಮುದುಡಿಕೊಂಡಂತೆ ಕಾಣುತ್ತಿದ್ದ. ಮನೆಯ ಅಂಗಳದಲ್ಲಿ ನೀಲಿ ಬಣ್ಣದ ಒಂದು ಮಿನಿ ಬಸ್ಸು ನಿಂತಿತ್ತು. ಅದರ ಕಿಟಕಿಯೊಂದರಿಂದ ಒಂದು ಕೋಳಿ ಟಿಕೆಟ್ ಕೇಳುವಂತೆ ಹೊರಗೆ ನೋಡುತ್ತಿತ್ತು.

"ಡಾಕ್ಟರಮ್ಮ ಭೇಜ್ಯಾರೇನ್ರಿ ಸಾಬ?" ವಹೀದಾ ಎದ್ದು ನಿಂತಳು. "ಹೊಸ ಇಲಾಜ ಏನರ ಇರಬೇಕು. ನೀವು ಹೇಳಿದಂಗ ಮಾಡ್ತಾರ, ಹೌದಿಲ್ರಿ?"

ಖಾಸಿಂ ಅಲಿ ತಲೆಯಾಡಿಸಿದ. ಇಲಾಜು, ಅಂದರೆ ಚಿಕಿತ್ಸೆ, ಎಂಬ ಮಾತು ಕೈಲಾಶನ ಕಿವಿಗೆ ಬಿತ್ತು. ನಾಟಕದವರ ಮಾತು ಹೀಗೇ ಎಂದುಕೊಂಡ.

"ಬಸ್ಸೂ ಇಟ್ಟೀರಿ! ಶಾಭಾಸ್! ಅದರಾಗೇ ಸೀನ್ ತಗೀಬಹುದಲ್ಲ?"

ಖಾಸಿಂ ಅಲಿಯ ಮುಖ ಸುಣ್ಣವಾಯಿತು. "ಬಸ್ನಾಗ ನಕ್ಕೋ ಸಾಬ," ಎಂದಳು ವಹೀದಾ ಅವಸರದಲ್ಲಿ. "ಬ್ಯಾರೆ ಎಲ್ಲಾದರೂ ಹೇಳ್ರಿ."

ಬೇರೆ ಜಾಗ ಶಾಲೆಯ ಮೈದಾನವಾಯಿತು. ಒಂದರ ಹಿಂದೊಂದು ಇಟ್ಟ ಬೆಂಚುಗಳು ಬಸ್ಸಿನ ಸೀಟುಗಳಾದವು. ಮುಂದೆ ಒಂದು ಕುರ್ಚಿ ಇಟ್ಟು, ವಹೀದಾ ರೊಟ್ಟಿ ಹಿಟ್ಟು ನಾದುವ ಪರಾತವನ್ನು ಸ್ಟಿಯರಿಂಗ್ ಎಂದು ಖಾಸಿಂ ಅಲಿಯ ಕೈಗೆ ಕೊಟ್ಟರು. ಬ್ಯಾನರ್ ಕಟ್ಟಿದ್ದೇ ತಡ, ಊರು ಚಾಪೆ ಹಿಡಿದುಕೊಂಡು ಬಂತು. ನಾಟಕ, ಅದೂ ಪುಕ್ಕಟೆ, ಅದೂ ಹಗಲಿನಲ್ಲಿ! ಮುಂದಿನ ಸಾಲಿನ ಜಾಗಕ್ಕೆ ಎರಡು ಮನೆಗಳ ನಡುವೆ ಮಾತು ಬಿಟ್ಟಿತು.

ಎಲ್ಲರಿಗಿಂತ ಮೊದಲು ಬಂದವನು ಮಾಣಿಕ. ಎಪ್ಪತ್ತರ ಮುದುಕ, ಮೂವತ್ತು ವರ್ಷ ಊರಿನ ನಾಟಕಗಳಲ್ಲಿ ರಾಜನ ಪಾರ್ಟು ಮಾಡಿದವನು. ತಗಡಿನ ಕಿರೀಟ ಇಟ್ಟುಕೊಂಡೇ ಬಂದಿದ್ದ.

"ನನ್ನ ಪಾರ್ಟು ಯಾವುದು?"

ಕೈಲಾಶ ಮೊದಲು ಕಥೆ ಕೇಳಿದ. ಖಾಸಿಂ ಅಲಿ ನೆಲ ನೋಡುತ್ತ ಹೇಳಿದ: "ಮುಂಜಾನಿ ಎಂಟು ಗಂಟಿ ಸಾಬ. ಔರಾದದಿಂದ ಬರ್ಲಿಕತ್ತಿದ್ದೆ. ಇಪ್ಪತ್ತಾರು ಮಂದಿ. ಎಮ್ಮಿ ಅಡ್ಡ ಬಂತು. ತಪ್ಪಿಸಲಿಕ್ಕಿ ಹೋದೆ. ಬಸ್ ತೊಗರಿ ಹೊಲದಾಗ ಮಲಗ್ತು."

"ಕಥಿ ಬರಾಬರ್ ಅದ," ಎಂದ ಕೈಲಾಶ ಗದ್ದ ಉಜ್ಜುತ್ತ. "ಆದರ ಎಮ್ಮಿ ಭಾಳ ಲಗೂ ಬಂತು. ಅದಕ್ಕಿಂತ ಮೊದಲ ಒಂದು ಹಾಡು ಬೇಕು."

ಖಾಸಿಂ ಅಲಿ ಬೆರಗಾಗಿ ವಹೀದಾಳನ್ನು ನೋಡಿದ. ಇಲಾಜಿನಲ್ಲಿ ಹಾಡೂ ಇರಬಹುದು ಎಂಬಂತೆ ಅವಳು ಸನ್ನೆ ಮಾಡಿದಳು.

ಉಳಿದ ಪಾತ್ರ ಎಮ್ಮೆಯದೊಂದೇ. ಅದನ್ನು ಮಾಣಿಕನಿಗೆ ಹೇಳಿದಾಗ ಅವನ ಕಿರೀಟ ಅಲುಗಾಡಿತು. "ಮೂವತ್ತು ವರ್ಷ ಸಿಂಹಾಸನದ ಮ್ಯಾಲ ಕೂತಾಂವ ನಾ. ಎಮ್ಮಿ ಆಗಬೇಕಾ?"

"ಕಥಿ ತಿರಗೋದೇ ಎಮ್ಮಿ ಮ್ಯಾಲರಿ. ಎಮ್ಮಿ ಇಲ್ಲಂದ್ರ ಬಸ್ ಸೀದಾ ಬೀದರಕ್ಕ ಹೋಗ್ತದ. ನಾಟಕ ಎಲ್ಲಿ ಉಳೀತು?"

ಮಾಣಿಕ ಯೋಚಿಸಿದ. ಕಿರೀಟ ತೆಗೆಯುವುದಿಲ್ಲ ಎಂಬ ಷರತ್ತಿನ ಮೇಲೆ ಒಪ್ಪಿದ.

ಪ್ರಯಾಣಿಕರಾಗಲು ಜನ ಮುಗಿಬಿದ್ದರು. ಎರಡನೆಯ ಸಾಲಿನ ಕಿಟಕಿ ಬದಿಗೆ ಯಾರೋ ಕೂತಾಗ ಹಿಂದಿನಿಂದ ಒಂದು ದನಿ ಗುಡುಗಿತು: "ಏಳು ಅಲ್ಲಿಂದ! ಅದು ನನ್ನ ಸೀಟು. ನನ್ನ ಪಾರ್ಟು ಮತ್ತೊಬ್ಬರು ಯಾಕ ಮಾಡಬೇಕು?"

ಬಂದವಳು ಮುದುಕಿ ಗಿರಿಜಾಬಾಯಿ. ವಾರಕ್ಕೊಮ್ಮೆ ಔರಾದಕ್ಕೆ ಕಾಯಿಪಲ್ಲೆ ಒಯ್ದು ಮಾರುವವಳು. ಅವಳನ್ನು ಕಂಡದ್ದೇ ಖಾಸಿಂ ಅಲಿ ಕುರ್ಚಿಯಿಂದ ಅರ್ಧ ಎದ್ದ. ಹತ್ತು ತಿಂಗಳಿಂದ ಅವನು ಇವಳ ಮನೆಯ ಮುಂದೆ ಹಾಯಬೇಕಾದೀತೆಂದು ಮಸೀದಿಗೂ ಹಿಂದಿನ ಓಣಿಯಿಂದ ಹೋಗುತ್ತಿದ್ದ. ಕೈಲಾಶ ಅವನ ಭುಜ ಒತ್ತಿ ಕೂರಿಸಿದ. "ಹೀರೋ ಏಳಬಾರದುರಿ. ಆ್ಯಕ್ಷನ್!"

ಬೆಂಚಿನ ಬಸ್ಸು ಹೊರಟಿತು. ಪ್ರಯಾಣಿಕರು ತಾವಾಗಿಯೇ ಕುಲುಕಾಡಿದರು. ಎದುರಿನಿಂದ ಮಾಣಿಕ ಪ್ರವೇಶಿಸಿದ. ಎರಡು ಕೈಗಳನ್ನು ಕೋಡಿನಂತೆ ಹಿಡಿದು, ಹೆಜ್ಜೆಗೊಮ್ಮೆ ನಿಂತು, ಪ್ರೇಕ್ಷಕರ ಕಡೆ ಕತ್ತು ತಿರುಗಿಸಿ, ಮೈದಾನದ ನಡುವೆ ಬಂದು ಗರ್ಜಿಸಿದ: "ಯಾರದು, ನಮ್ಮ ಮಾರ್ಗದೊಳ್ ರಥವಂ ನಡೆಸುವವರ್?"

"ಎಮ್ಮಿ ಮಾತಾಡಲ್ರಿ ಮಾಣಿಕಪ್ಪ!"

"ಮಾತಿಲ್ಲದ ಪಾರ್ಟು ನಾ ಮಾಡಲ್ಲ."

ಜನ ಶಿಳ್ಳೆ ಹಾಕಿದರು. ಆದರೆ ಆ ಶಿಳ್ಳೆಯ ನಡುವೆ ಒಂದು ಸದ್ದು ಕೇಳತೊಡಗಿತು. ಟಿಣ್, ಟಿಣ್, ಟಿಣ್. ಖಾಸಿಂ ಅಲಿಯ ಬೆರಳಿನ ಬೆಳ್ಳಿ ಉಂಗುರ ಪರಾತಕ್ಕೆ ಬಡಿಯುತ್ತಿತ್ತು. ಅವನ ಎರಡೂ ಕೈ ನಡುಗುತ್ತಿದ್ದವು. ಹಣೆಯಿಂದ ಬೆವರು ಇಳಿದು ಗಡ್ಡ ಸೇರುತ್ತಿತ್ತು. ಕಣ್ಣು ಮಾಣಿಕನ ಮೇಲಿದ್ದರೂ ಮಾಣಿಕನನ್ನು ನೋಡುತ್ತಿರಲಿಲ್ಲ.

ಕೈಲಾಶ ಹುಚ್ಚೆದ್ದು ಹೋದ. ಇಪ್ಪತ್ತೆರಡು ವರ್ಷದಲ್ಲಿ ಅವನ ಕ್ಯಾಮೆರಾ ಇಂಥ ಮುಖ ಕಂಡಿರಲಿಲ್ಲ. "ಆಹಾ! ಗ್ಲಿಸರಿನ್ ಇಲ್ಲದ ಬೆವರು! ಏನ್ ಆ್ಯಕ್ಟಿಂಗ್ ಸಾಬ! ಇನ್ನ ಜರಾ ಅಂಜರಿ! ಎಮ್ಮಿ ಕಡಿ ನೋಡ್ರಿ, ಇನ್ನ ಜರಾ ನೋಡ್ರಿ!"

ಜನ ಚಪ್ಪಾಳೆ ತಟ್ಟಿದರು. ಆ ಚಪ್ಪಾಳೆಯನ್ನು ಸೀಳಿಕೊಂಡು ವಹೀದಾ ಬಂದಳು. ಬಂದವಳೇ ಬಳೆಗೈಯನ್ನು ಕ್ಯಾಮೆರಾದ ಕಣ್ಣಿನ ಮೇಲೆ ಇಟ್ಟಳು.

"ಬಂದ್ ಮಾಡ್ರಿ ಸಾಬ. ಇದು ಆ್ಯಕ್ಟಿಂಗ್ ಅಲ್ಲ. ಹತ್ತು ತಿಂಗಳಾಯ್ತು, ಚಹಾದ ಕಪ್ಪು ಹಿಡದ್ರೂ ಹಿಂಗೇ ನಡಗ್ತಾವ ಕೈ. ಇದು ಎಂಥ ಇಲಾಜರಿ?"

ಕೈಲಾಶ ಕ್ಯಾಮೆರಾದಿಂದ ಕಣ್ಣು ತೆಗೆದ. "ಅಂದ್ರ... ಬಸ್ ಖರೇನೇ ಬಿದ್ದಿತ್ತಾ?"

ಇಡೀ ಸಂತಪುರ ಅವನನ್ನು ನೋಡಿತು. ಗಿರಿಜಾಬಾಯಿ ಎರಡನೆಯ ಸಾಲಿನಿಂದ ಸೀರೆಯ ಸೆರಗು ಸರಿಸಿ ಬಲಗೈ ಎತ್ತಿದಳು. ಮೊಣಕೈ ಸ್ವಲ್ಪ ಸೊಟ್ಟಗೆ ಕೂಡಿಕೊಂಡಿತ್ತು. "ಮತ್ತ ಇದೇನು ಮೇಕಪ್ಪಾ?"

ಕೈಲಾಶ ಕ್ಯಾಮೆರಾ ಬಂದ್ ಮಾಡಿ, ಚೀಲದಲ್ಲಿಟ್ಟು, ಜಿಪ್ಪು ಎಳೆದ. "ತಪ್ಪಾಯ್ತ್ರಿ," ಎಂದು ಖಾಸಿಂ ಅಲಿಗೆ ಕೈ ಮುಗಿದ. ಆಮೇಲೆ ಹೋಗಿ ಮೂರನೆಯ ಸಾಲಿನ ಬೆಂಚಿನ ಮೇಲೆ ಕೂತುಬಿಟ್ಟ. ಎಮ್ಮೆಯೂ ನೆಲಕ್ಕೆ ಕೂತಿತು.

ಪರಾತದ ಸದ್ದು ಮಾತ್ರ ನಿಲ್ಲಲಿಲ್ಲ.

ಆಗ ಗಿರಿಜಾಬಾಯಿ ಮುಂದೆ ಬಾಗಿ, ಬಸ್ಸಿನಲ್ಲಿ ಕೂತವರು ಡ್ರೈವರನ ಜೊತೆ ಮಾತಾಡುವಂತೆಯೇ ಅವನ ಬೆನ್ನಿಗೆ ಹೇಳಿದಳು: "ಖಾಸಿಂ, ನನ್ನ ಕೈ ನಾಕು ತಿಂಗಳಿಗಿ ಕೂಡ್ತು. ನೀ ಹಿಂದಿನ ಓಣಿಯಿಂದ ಹೋಗೋದು ಮಾತ್ರ ನನ್ನ ಮನಸ್ಸಿಗಿ ಇನ್ನಾ ಕೂಡವಲ್ದು. ಒಂದಿನ ಬಂದು ಹ್ಯಾಂಗ ಇದ್ದೀ ಅಂತ ಕೇಳಲಿಲ್ಲ."

"ಯಾವ ಮಾರಿ ತಗೊಂಡು ಬರ್ಲಿ ಬಾಯಿ? ನಿನ್ನ ಕೈ ನಾ ಮುರದೀನಿ."

"ನೀ ಎಲ್ಲಿ ಮುರದಿ? ಎಮ್ಮಿ ಮುರೀತು."

ಎಲ್ಲರ ಕಣ್ಣು ಮಾಣಿಕನ ಕಡೆ ತಿರುಗಿತು.

"ನಾ ಅಲ್ಲ!" ಎಂದ ಮಾಣಿಕ ಗಾಬರಿಯಿಂದ, ಕೋಡುಗಳನ್ನು ಕೆಳಗಿಳಿಸಿ.

ಮೊದಲು ನಕ್ಕದ್ದು ವಹೀದಾ. ಆಮೇಲೆ ಚಾಪೆಗಳು ನಕ್ಕವು, ಬೆಂಚುಗಳು ನಕ್ಕವು. ಖಾಸಿಂ ಅಲಿಯ ಗಂಟಲಿನಿಂದ ಬಹಳ ದಿನ ನಿಂತ ಇಂಜಿನ್ನಿನಂತೆ ಮೊದಲು ಎರಡು ಕೆಮ್ಮು ಬಂತು, ನಂತರ ಸಣ್ಣ ಗುರುಗುಟ್ಟು, ಆಮೇಲೆ ನಗು. ನಕ್ಕು ನಕ್ಕು ಕಣ್ಣೊರೆಸಿಕೊಳ್ಳಲು ಅವನು ಪರಾತವನ್ನು ಕೆಳಗಿಟ್ಟ.

"ನೀ ಇಲ್ಲದ ಮ್ಯಾಲ ಜೀಪಿನ ಹಿಂದ ನಿಂತು ಹೋಗ್ಲಿಕತ್ತೇನಿ," ಗಿರಿಜಾಬಾಯಿ ನಿಲ್ಲಿಸಲಿಲ್ಲ. "ಒಂದು ಕೈಯಾಗ ಕಬ್ಬಿಣದ ಸಳಿ, ಒಂದು ಕೈಯಾಗ ಸೆರಗು, ಮೆಂತಿ ಚೀಲ ಹಲ್ಲಿನಾಗ! ಇದು ಯಾವ ನ್ಯಾಯ?"

ಇದೇ ಹೊತ್ತಿಗೆ ಡಾಕ್ಟರ್ ಫರ್ಹೀನ ಹೆಗಲಿಗೆ ಡೋಲು ಹಾಕಿಕೊಂಡು ಗೇಟಿನೊಳಗೆ ಬಂದರು. ಬ್ಯಾನರ್ ಓದಿದರು. ಮತ್ತೊಮ್ಮೆ ಓದಿದರು. ಆಮೇಲೆ ಕೈಲಾಶನನ್ನು ಬೇವಿನ ಗಿಡದ ಹಿಂದಕ್ಕೆ ಕರೆದೊಯ್ದು ನಡೆದದ್ದನ್ನೆಲ್ಲ ಕೇಳಿದರು. ಅಲ್ಲಿ ನಡೆದ ಮಾತು ಊರಿಗೆ ಕೇಳಿಸಲಿಲ್ಲವಾದರೂ ಡೋಲು ಎರಡು ಸಲ ತಾನಾಗಿಯೇ ಬಡಿದುಕೊಂಡದ್ದು ಕೇಳಿಸಿತು.

"ಟ್ರಾಮಾ ರೀ, ಟ್ರಾಮಾ!" ಎಂದರು ಡಾಕ್ಟರು. "ಹಸಿ ಗಾಯ ಅದು. ಆ ದಿನಾನ ಹಿಂಗ ಜಬರದಸ್ತಿಲಿಂದ ತಿರಗಿ ತಂದ್ರ ಹೆದರಿಕಿ ಇಮ್ಮಡಿ ಆಗ್ತದ. ಇವತ್ತು ಆ ಮುದುಕಿ ಉಳಿಸಿದ್ಳು. ಪ್ರತಿ ಸಲ ಮುದುಕಿ ಎಲ್ಲಿಂದ ತರ್ತೀರಿ?"

"ನಾ ಲಗ್ನದ ವಿಡಿಯೋದಾಂವ ಮ್ಯಾಡಂ," ಎಂದ ಕೈಲಾಶ. ಅಷ್ಟು ಹೇಳಿದ ಮೇಲೆ ಅವನ ಉಸಿರು ಹಗುರಾಯಿತು. "ಭಾವನ ಮುಂದ ಸುಳ್ಳು ಹೇಳಿದೆ. ನೀವು ಖರೇ ಡೈರೆಕ್ಟರ್‌ನ್ನ ನೋಡ್ಕೋರಿ."

ಡಾಕ್ಟರು ಅವನನ್ನು ಬಿಟ್ಟು ಖಾಸಿಂ ಅಲಿಯ ಬಳಿ ಹೋದರು. ಅಂಗಾಲು ನೆಲಕ್ಕೆ ಊರಿಸಿ, ನಿಧಾನವಾಗಿ ಉಸಿರು ಎಳೆಸಿ, ಬಿಡಿಸಿ, ಡೋಲಿನ ಮೇಲೆ ಅವನ ಬೆರಳಿನಿಂದಲೇ ಮೆಲ್ಲಗೆ ತಾಳ ಹಾಕಿಸಿದರು. ಕೈ ನಡುಕ ಕಡಿಮೆಯಾಗಲು ಕಾಲು ಗಂಟೆ ಹಿಡಿಯಿತು. ಆಮೇಲೆ ಕೇಳಿದರು: "ಈ ಫಿಲ್ಮು ಬಂದ್ ಮಾಡೋಣೇನ್ರಿ?"

ಖಾಸಿಂ ಅಲಿ ಬಹಳ ಹೊತ್ತು ತಾಳ ಹಾಕಿದ. "ಬ್ಯಾಡ ಡಾಕ್ಟರಮ್ಮ. ಇನ್ನೊಂದು ದಿನ ಮಾಡೋಣ. ಇವರೇ ಬರ್ಲಿ. ಮಂದಿ ನನ್ನ ಮುಂದ ನಕ್ಕು ಹತ್ತು ತಿಂಗಳಾಗಿತ್ತು. ಎಲ್ಲಾರೂ ಮೆಲ್ಲಗ ಮಾತಾಡತಿದ್ರು. ಆದರ ಎಮ್ಮಿ ಮಾತ್ರ ಬ್ಯಾಡ."

ಪಾತ್ರ ಕತ್ತರಿಸಿದ್ದಕ್ಕೆ ಮಾಣಿಕ ವಾರಗಟ್ಟಲೆ ಕೈಲಾಶನ ಜೊತೆ ಮಾತು ಬಿಟ್ಟ.

ಇತ್ತ ಜನ ಏಳಲಿಲ್ಲ. ಪುಕ್ಕಟೆ ಎಂದು ಬರೆದದ್ದು ಎಲ್ಲಿ ಎಂದು ಕೇಳಿದರು. ಡಾಕ್ಟರಿಗೆ ಬೇರೆ ದಾರಿ ಇರಲಿಲ್ಲ. ಊರಿಗೇ ಉಸಿರಾಟ ಹೇಳಿಕೊಟ್ಟರು. ಇನ್ನೂರು ಮಂದಿ ಮೂಗು ಹಿಗ್ಗಿಸಿ ಉಸಿರೆಳೆದರು. "ಇಷ್ಟು ದಿನ ನಾವೇನು ರೊಕ್ಕ ಕೊಟ್ಟು ಉಸಿರಾಡ್ಲಿಕತ್ತಿದ್ದೆವೇನ್ರಿ?" ಎಂದು ಒಬ್ಬ ಕೇಳಿದನಾದರೂ, ಅವನೂ ಪೂರ್ತಿ ಹತ್ತು ಸಲ ಎಳೆದೇ ಹೋದ.

ಕೈಲಾಶನ ಕಷ್ಟದ ದಿನಗಳು ಅಲ್ಲಿಂದ ಶುರುವಾದವು. ಡಾಕ್ಟರು ಒಂದೇ ಷರತ್ತು ಹಾಕಿದ್ದರು: ಬಾಯಿ ಮುಚ್ಚಿಕೊಂಡು ಕೂರಬೇಕು. ಭಾನುವಾರ ಬಂದರೆ ಅವನು ಖಾಸಿಂ ಅಲಿಯ ಅಂಗಳಕ್ಕೆ ಹೋಗಿ, ಕ್ಯಾಮೆರಾ ಒಂದು ಕಡೆ ಇಟ್ಟು, ತುಟಿ ಕಚ್ಚಿ ಕೂರುತ್ತಿದ್ದ. ಖಾಸಿಂ ಅಲಿ ಬೇಡ ಎಂದ ದಿನ ಕ್ಯಾಮೆರಾ ತೆಗೆಯುತ್ತಲೇ ಇರಲಿಲ್ಲ; ಕೋಳಿಗೆ ಕಾಳು ಹಾಕಿ ಬರುತ್ತಿದ್ದ. ಒಂದು ವಾರ ಖಾಸಿಂ ಅಲಿ, ರಿಪೇರಿಯಾಗಿ ಬಂದ ಮೇಲೆ ಒಮ್ಮೆಯೂ ಓಡಿಸದ ಆ ಬಸ್ಸಿನ ಮೆಟ್ಟಿಲ ಮೇಲೆ ಕೂತ. ಎರಡು ವಾರ ಅದನ್ನೂ ಮಾಡಲಾಗಲಿಲ್ಲ. ಆಮೇಲೆ ಒಳಗೆ ಹೋಗಿ ಕೋಳಿಗಳನ್ನು ಇಳಿಸಿದ. ಡ್ರೈವರ್ ಸೀಟಿನಲ್ಲಿ ಕೂತು ಕಣ್ಣು ಮುಚ್ಚಿ ಉಸಿರೆಳೆದ. ಒಂದು ದಿನ ಹಾರ್ನ್ ಒತ್ತಿದ. ಓಣಿಯ ಹೆಂಗಸರೆಲ್ಲ ಬೀದರ ಗಾಡಿ ಬಂತೆಂದು ಚೀಲ ಹಿಡಿದು ಹೊರಗೆ ಓಡಿ ಬಂದರು.

ಸುಮನಳಿಗೆ ಗಂಡ ಮನೆಯಲ್ಲೂ ಸುಮ್ಮನೆ ಕೂತು ಮಾತು ಕೇಳಿಸಿಕೊಳ್ಳುವುದು ಕಂಡು ಭಯವಾಯಿತು. ಮೈಯಲ್ಲಿ ಹುಷಾರಿಲ್ಲವೇನೋ ಎಂದು ಅಣ್ಣನಿಗೆ ಫೋನ್ ಮಾಡಿದಳು. ಸುಶೀಲಕುಮಾರ ವಾರಕ್ಕೊಮ್ಮೆ ವಿಚಾರಿಸತೊಡಗಿದರು.

"ನಿಮ್ಮ ಡಾಕ್ಯುಮೆಂಟರಿ ಎಲ್ಲಿತನಕ ಬಂತ್ರಿ?"

"ಕ್ಲಚ್ಚಿನ ತನಕ ಬಂದದರಿ."

ಸುಶೀಲಕುಮಾರರಿಗೆ ಏನೂ ತಿಳಿಯಲಿಲ್ಲ. ತಿಳಿಯದ ವಿಷಯ ದೊಡ್ಡದೇ ಇರಬೇಕೆಂದು, ನಮ್ಮ ತಂಗಿಯ ಗಂಡ ಭಾರೀ ಡೈರೆಕ್ಟರು ಎಂದು ಭಾಲ್ಕಿ ತುಂಬ ಹೇಳಿಕೊಂಡು ಬಂದರು.

ತೊಗರಿ ಹಳದಿ ಹೂ ಬಿಟ್ಟ ಕಾಲಕ್ಕೆ, ಒಂದು ಭಾನುವಾರ, ಖಾಸಿಂ ಅಲಿ ತಾನಾಗಿಯೇ ಹೇಳಿದ: "ಔರಾದಕ್ಕ ಹೋಗಿ ಬರೋಣ."

ವಹೀದಾ ಹಿಂದಿನ ಸೀಟಿನಲ್ಲಿ ಕೂತು ಎಲ್ಲ ಪೀರರನ್ನೂ ನೆನೆದಳು. ಗಿರಿಜಾಬಾಯಿ ಎರಡನೆಯ ಸಾಲಿನ ಕಿಟಕಿಗೆ ಮೆಂತ್ಯದ ಚೀಲದೊಂದಿಗೆ ಕೂತಳು. ಡಾಕ್ಟರು ಡ್ರೈವರನ ಪಕ್ಕದಲ್ಲಿ. ಕೈಲಾಶ ಕ್ಯಾಮೆರಾ ತೊಡೆಯ ಮೇಲೆ ಇಟ್ಟುಕೊಂಡು ಮೂಲೆಯಲ್ಲಿ. ಮಾಣಿಕ ಮಾತು ಬಿಟ್ಟದ್ದನ್ನು ಮರೆತು ಕೊನೆಗೆ ಹತ್ತಿದ. ರಸ್ತೆಯಲ್ಲಿ ಎಮ್ಮೆ ಬಂದರೆ ಅದರ ಜೊತೆ ತಾನು ಮಾತಾಡುವುದಾಗಿ ಎಲ್ಲರಿಗೂ ಧೈರ್ಯ ಹೇಳಿದ.

ಬಸ್ಸು ಊರು ದಾಟಿತು. ಟ್ರ್ಯಾಕ್ಟರ್ ಅದನ್ನು ಹಿಂದೆ ಹಾಕಿತು. ಸೈಕಲ್ ಹಿಂದೆ ಹಾಕಿತು. ಕುರಿ ಮಂದೆಯ ಜೊತೆ ಸ್ವಲ್ಪ ದೂರ ಸಮಸಮವಾಗಿ ನಡೆಯಿತು. ಆ ತಿರುವು ಬಂದಾಗ ಖಾಸಿಂ ಅಲಿ ಬಸ್ಸನ್ನು ಬದಿಗೆ ನಿಲ್ಲಿಸಿ ಇಂಜಿನ್ ಬಂದ್ ಮಾಡಿದ. ಹೊಲದ ತುಂಬ ತೊಗರಿ ಎದೆಯೆತ್ತರ ಬೆಳೆದು ನಿಂತಿತ್ತು. ಅಲ್ಲಿ ಒಮ್ಮೆ ಬಸ್ಸು ಮಲಗಿದ್ದ ಗುರುತೇ ಇರಲಿಲ್ಲ. ಅವನು ಅದನ್ನು ನೋಡಿದ. ಬೆರಳು ಸ್ಟಿಯರಿಂಗ್ ಮೇಲೆ ಮೆಲ್ಲಗೆ ತಾಳ ಹಾಕಿತು. ಬಸ್ಸಿನ ತುಂಬ ಎಲ್ಲರೂ ಅವನ ಜೊತೆಗೇ ಉಸಿರೆಳೆದು ಬಿಡುತ್ತಿದ್ದರು. ಮತ್ತೆ ಚಾವಿ ತಿರುಗಿತು.

ಔರಾದ ಮುಟ್ಟಿದಾಗ ಅರ್ಧ ಗಂಟೆಯ ದಾರಿಗೆ ಒಂದೂಕಾಲು ಗಂಟೆ ಆಗಿತ್ತು. ವಹೀದಾ ಅಳುತ್ತ ಇಳಿದಳು. ಕೈಲಾಶನೂ ಇಳಿಯಬೇಕೆಂದು ಎದ್ದ. ಅಷ್ಟರಲ್ಲಿ ಕಂಕುಳಲ್ಲಿ ಗಂಟು ಇಟ್ಟುಕೊಂಡ ಒಬ್ಬ ಅಪರಿಚಿತ, ಈ ಊರು ಆ ಕಥೆ ಯಾವುದೂ ಗೊತ್ತಿಲ್ಲದವನು, ಬಾಗಿಲಿಗೆ ಬಂದು ತಲೆ ಹಾಕಿದ.

"ಬೀದರಕ್ಕ ಹೋಗ್ತದೇನ್ರಿ?"

ಕೈಲಾಶ ಇಲ್ಲ ಎನ್ನಲು ಬಾಯಿ ತೆರೆದ. ಡಾಕ್ಟರ ಷರತ್ತು ನೆನಪಾಗಿ ಮುಚ್ಚಿದ. ಎಲ್ಲರೂ ಖಾಸಿಂ ಅಲಿಯನ್ನು ನೋಡಿದರು. ಅವನು ಮುಂದಿನ ರಸ್ತೆಯನ್ನು ನೋಡಿದ.

"ಹೋಗ್ತದ. ಕೂಡ್ರಿ."

ವಹೀದಾ ಕಣ್ಣೊರೆಸಿಕೊಳ್ಳುತ್ತ ಮತ್ತೆ ಹತ್ತಿದಳು. ಆ ಮನುಷ್ಯ ಡ್ರೈವರನ ಬೆನ್ನಿಗೇ ಇದ್ದ ಸೀಟಿನಲ್ಲಿ ಕೂತು, ಗಂಟನ್ನು ತಲೆಗೆ ಕೊಟ್ಟು, ಬಸ್ಸು ಸ್ಟ್ಯಾಂಡ್ ದಾಟುವ ಮೊದಲೇ ಗೊರಕೆ ಹೊಡೆಯತೊಡಗಿದ. ಖಾಸಿಂ ಅಲಿ ಕನ್ನಡಿಯಲ್ಲಿ ಅವನ ತೆರೆದ ಬಾಯನ್ನು ಬಹಳ ಹೊತ್ತು ನೋಡಿದ. ಹಿಂದೆ ಮಾಣಿಕ ಏನೋ ಡೈಲಾಗು ಎತ್ತಿದ್ದನ್ನು ಕೇಳಿ, ಗೇರು ಬದಲಿಸುತ್ತ, ಮೆಲ್ಲಗೆ ಗದರಿದ:

"ಏ, ಸುಮ್ಕಿರ್ರಿ. ಪ್ಯಾಸೆಂಜರ್ ಮಲಗ್ಯಾರ."